ರಸ್ತೆ ಅಪಘಾತ ಮತ್ತು ನಮ್ಮ ಪರಿಹಾರದ ಹಕ್ಕು

(ನಾಂಪಲ್ಲಿಯಲ್ಲಿ ಸೇರಿದ್ದ ಕನ್ನಡ ಕೆಲಸಗಾರರ ಸಭೆಯಲ್ಲಿ ಮಾಡಿದ ಭಾಷಣ)



ಮಧ್ಯಾಹ್ನದ ಊಟದ ಗಲಾಟೆ ಮುಗಿದು ಸಾಯಂಕಾಲದ ತಿಂಡಿಗೆ ಒಲೆ ಹಚ್ಚುವುದರೊಳಗೆ ನಮಗೆ ಸಿಗುವ ಬಿಡುವು ಎರಡು ಗಂಟೆ. ಅದರಲ್ಲಿ ಒಂದು ಗಂಟೆ ಕಣ್ಣು ಮುಚ್ಚದಿದ್ದರೆ ರಾತ್ರಿ ಕಾಲು ನಿಲ್ಲುವುದಿಲ್ಲ. ಆ ನಿದ್ರೆಯನ್ನು ಬಿಟ್ಟು ನೀವು ಬಂದಿದ್ದೀರಿ. ಆದುದರಿಂದ ಉಪಚಾರದ ಮಾತು ಬಿಟ್ಟು ವಿಷಯಕ್ಕೆ ಬರುತ್ತೇವೆ. ರಸ್ತೆಯಲ್ಲಿ ಗಾಡಿ ಬಡಿದು ನಮ್ಮವನೊಬ್ಬ ಬಿದ್ದರೆ ಅವನಿಗೆ ಏನು ಬರತಕ್ಕದ್ದು, ಅದು ಬರುವ ದಾರಿ ಯಾವುದು, ಬಾರದೆ ಹೋಗುವುದು ಯಾವ ಕಾರಣದಿಂದ ಎಂಬುದೇ ಇವತ್ತಿನ ವಿಷಯ.

ನಮ್ಮ ಕೆಲಸದ ಹೊತ್ತೇ ಅಂಥದು. ಇಡ್ಲಿ ಬೇಯಿಸುವವನು ಬೆಳಗಿನ ಜಾವ ನಾಲ್ಕು ಗಂಟೆಗೆ ರಸ್ತೆಯಲ್ಲಿರುತ್ತಾನೆ. ಮೇಜು ಒರೆಸಿ, ಪಾತ್ರೆ ತೊಳೆದು, ಒಲೆ ಆರಿಸಿ ಹೊರಡುವವನು ರಾತ್ರಿ ಹನ್ನೆರಡಕ್ಕೆ ರಸ್ತೆಯಲ್ಲಿರುತ್ತಾನೆ. ನಾಂಪಲ್ಲಿಗೆ ಮೆಟ್ರೋ ನಿಲ್ದಾಣ ಬಂದಿದೆ, ಸಂತೋಷ. ಆದರೆ ನಮ್ಮ ಆ ಹೊತ್ತಿಗೆ ಅದರ ಬಾಗಿಲು ಹಾಕಿರುತ್ತದೆ. ಸ್ಟೇಷನ್ನಿನಿಂದ ಮೊಜಂಜಾಹಿ ಮಾರ್ಕೆಟ್ಟಿನ ಕಡೆಗೆ, ಆಬಿಡ್ಸಿನ ಕಡೆಗೆ, ಪಬ್ಲಿಕ್ ಗಾರ್ಡನ್ನಿನ ಕಡೆಗೆ ಹೋಗುವ ರಸ್ತೆಗಳು ಹಗಲಲ್ಲಿ ಗಾಡಿ ತುಂಬಿ ಆಮೆಯಂತೆ ತೆವಳುತ್ತವೆ. ಸರಿಹೊತ್ತಿನಲ್ಲಿ ಅವೇ ರಸ್ತೆಗಳು ಖಾಲಿ, ಖಾಲಿಯಾದದ್ದರಿಂದಲೇ ವೇಗ. 2022ರಲ್ಲಿ ನಮ್ಮ ದೇಶದ ರಸ್ತೆಗಳಲ್ಲಿ ಸತ್ತವರು 1,68,491 ಮಂದಿ ಎಂದು ಕೇಂದ್ರ ಸರಕಾರದ ಲೆಕ್ಕ ಹೇಳುತ್ತದೆ. ಅವರಲ್ಲಿ 32,825 ಮಂದಿ ನಡೆದುಹೋಗುತ್ತಿದ್ದವರು, 74,897 ಮಂದಿ ದ್ವಿಚಕ್ರದ ಮೇಲಿದ್ದವರು. ಕಾರಿನಲ್ಲಿ ಹೋಗುವವರಿಗಿಂತ ಹೆಚ್ಚಾಗಿ ನಮ್ಮಂಥವರೇ ಸಾಯುತ್ತಾರೆ ಎಂದು ಬೇರೆ ಹೇಳಬೇಕಾಗಿಲ್ಲ.

ಇದನ್ನು ಹಣೆಬರಹ ಎನ್ನುವವರು ನಮ್ಮಲ್ಲಿ ಬಹಳ. ಹಣೆಬರಹವನ್ನು ಓದಿದವರು ಯಾರೂ ಇಲ್ಲ. ಆದರೆ ಆಸ್ಪತ್ರೆಯ ಪುಸ್ತಕದ ಬರಹವನ್ನು ಓದಬಹುದು. ಅದರ ಮಾತನ್ನೇ ಮೊದಲು ಹೇಳುತ್ತೇವೆ.

ಗಾಯಗೊಂಡವನನ್ನು ಆಸ್ಪತ್ರೆಗೆ ಎತ್ತಿಕೊಂಡು ಹೋದ ಕೂಡಲೆ ಅಲ್ಲಿಯ ಡಾಕ್ಟರು ಹೇಗೆ ಪೆಟ್ಟಾಯಿತು ಎಂದು ಕೇಳಿ ಒಂದು ಸಾಲು ಬರೆಯುತ್ತಾರೆ. ಆ ಒಂದು ಸಾಲಿನ ಮೇಲೆ ಮುಂದಿನ ಎಲ್ಲವೂ ನಿಲ್ಲುತ್ತದೆ. ನಮ್ಮ ಒಬ್ಬ ಸಪ್ಲೈಯರ್, ಕುಂದಾಪುರದ ಕಡೆಯ ಹುಡುಗ, ರಾತ್ರಿ ಕೋಣೆಗೆ ಹೋಗುವಾಗ ಕಾರು ಬಡಿದು ಕಾಲು ಮುರಿದುಕೊಂಡ. ಕಾರಿನವನು ಒಳ್ಳೆಯವನಂತೆ ತಾನೇ ಕೂರಿಸಿಕೊಂಡು ಆಸ್ಪತ್ರೆಗೆ ಕರೆದೊಯ್ದ. ಅಲ್ಲಿ ಹುಡುಗ ನೋವಿನಿಂದ ನರಳುತ್ತಿದ್ದಾಗ ಇವನೇ ಮುಂದೆ ನಿಂತು "ಕಾಲು ಜಾರಿ ತಾನೇ ಬಿದ್ದ" ಎಂದು ಬರೆಯಿಸಿದ. ಮೂರು ದಿನ ಹಣ್ಣು ತಂದುಕೊಟ್ಟ. ನಾಲ್ಕನೆಯ ದಿನ ಬರಲಿಲ್ಲ. ಆ ಮೇಲೆ ಪೋಲೀಸು ಠಾಣೆಗೆ ಹೋದರೆ, ಆಸ್ಪತ್ರೆಯ ಕಾಗದದಲ್ಲಿ ತಾನೇ ಬಿದ್ದನೆಂದಿದೆಯಲ್ಲ ಎಂಬ ಪ್ರಶ್ನೆ. ವಿಮಾ ಕಂಪನಿಯ ವಕೀಲರಿಗೆ ಅಂಥ ಸಾಲು ಸಿಕ್ಕಿದರೆ ಹಬ್ಬದೂಟ ಸಿಕ್ಕಂತೆ. ಆದುದರಿಂದ ಪ್ರಜ್ಞೆ ಇದ್ದರೆ ಗಾಯಾಳು ತಾನೇ, ಇಲ್ಲದಿದ್ದರೆ ಜೊತೆಯವನು, ಮೂರು ಮಾತು ಹೇಳಿ ಬರೆಯಿಸಬೇಕು: ರಸ್ತೆ ಅಪಘಾತ, ಇಂಥ ಜಾಗದಲ್ಲಿ, ಇಂಥ ನಂಬರಿನ ಗಾಡಿ. ನಂಬರು ತಿಳಿಯದಿದ್ದರೆ ಕಾರೋ ಲಾರಿಯೋ ಆಟೋವೋ, ಬಣ್ಣವೇನು ಎಂದಾದರೂ ಹೇಳಬೇಕು. ಇಂದು ಪ್ರತಿಯೊಬ್ಬನ ಜೇಬಿನಲ್ಲೂ ಫೋನು ಇದೆ. ಗಾಡಿಯ ನಂಬರನ್ನೂ ಜಾಗವನ್ನೂ ಹಿಡಿದಿಟ್ಟುಕೊಳ್ಳುವುದಕ್ಕೆ ಅರ್ಧ ನಿಮಿಷ ಸಾಕು.

ದಾರಿಯಲ್ಲಿ ಬಿದ್ದವನನ್ನು ಮುಟ್ಟಿದರೆ ನಾವೇ ಸಿಕ್ಕಿಬೀಳುತ್ತೇವೆಂಬ ಹೆದರಿಕೆ ಇನ್ನೂ ಹೋಗಿಲ್ಲ. ಅದು ಬೇಡ. ಸಹಾಯ ಮಾಡಿದವನನ್ನು ಗೋಳುಹೊಯ್ದುಕೊಳ್ಳಬಾರದೆಂದು 2016ರಲ್ಲಿ ಸುಪ್ರೀಂ ಕೋರ್ಟು ಹೇಳಿತು. 2019ರ ತಿದ್ದುಪಡಿಯಲ್ಲಿ ಅದು ಕಾಯಿದೆಯೊಳಗೇ ಸೇರಿತು. ಹೆಸರು ಹೇಳಲೇಬೇಕೆಂದು ಕೂಡ ಅವನನ್ನು ಬಲವಂತ ಮಾಡುವಂತಿಲ್ಲ. ದುಡ್ಡಿನ ಹೆದರಿಕೆಯೂ ಸ್ವಲ್ಪ ಕಡಿಮೆಯಾಗಿದೆ. 2025ರ ಮೇ ತಿಂಗಳಲ್ಲಿ ಕೇಂದ್ರ ಸರಕಾರ ಹೊರಡಿಸಿದ ಯೋಜನೆಯಂತೆ, ಗೊತ್ತುಮಾಡಿದ ಆಸ್ಪತ್ರೆಗಳಲ್ಲಿ ಅಪಘಾತದ ದಿನದಿಂದ 7 ದಿನಗಳವರೆಗೆ ಒಂದೂವರೆ ಲಕ್ಷ ರೂಪಾಯಿ ತನಕದ ಚಿಕಿತ್ಸೆಗೆ ಗಾಯಾಳು ಹಣ ಕಟ್ಟಬೇಕಾಗಿಲ್ಲ. 112ಕ್ಕೆ ಫೋನು ಮಾಡಿದರೆ ಅಂಥ ಆಸ್ಪತ್ರೆ ಯಾವುದೆಂದು ಕೇಳಬಹುದು.

ಈಗ ರಾಜಿಯ ಮಾತು. ಆಸ್ಪತ್ರೆಯ ಹಾಸಿಗೆಯ ಬಳಿಗೆ ಬಂದು ಇಪ್ಪತ್ತು ಸಾವಿರ, ಮೂವತ್ತು ಸಾವಿರ ಎಣಿಸಿಕೊಟ್ಟು, ಬರೆಯದ ಕಾಗದಕ್ಕೆ ಹೆಬ್ಬೆಟ್ಟೋ ಸಹಿಯೋ ಹಾಕಿಸಿಕೊಳ್ಳುವವರನ್ನು ನಾವು ಕಂಡಿದ್ದೇವೆ. "ಕೋರ್ಟು ಕಚೇರಿ ಅಲೆದರೆ ಹತ್ತು ವರ್ಷ, ಇದು ಕೈಗೆ ಬಂದ ದುಡ್ಡು" ಎನ್ನುತ್ತಾರೆ. ಕೇಳಲು ಹಿತವಾಗಿರುತ್ತದೆ. ಊರಿಗೆ ಕಳಿಸಬೇಕು, ಕೋಣೆಯ ಬಾಡಿಗೆ ಕಟ್ಟಬೇಕು. ಬಾಯಾರಿದವನ ಮುಂದೆ ನೀರಿಟ್ಟ ಹಾಗೆ. ಆದರೆ ಎಷ್ಟಕ್ಕೆ ಪ್ರತಿಯಾಗಿ ಎಷ್ಟು ತೆಗೆದುಕೊಳ್ಳುತ್ತಿದ್ದೇವೆ ಎಂಬ ಲೆಕ್ಕ ತಿಳಿದವನು ಸಹಿ ಹಾಕಲಾರ. ಆ ಲೆಕ್ಕವನ್ನು ಹೇಳುವುದಕ್ಕೆ ಮುಂಚೆ, ಹಕ್ಕು ಎಲ್ಲಿಂದ ಬಂತೆಂದು ನಾಲ್ಕು ಮಾತು.

ಮಿಲ್ಲಿನ ಹಿರಿಯರಿಗೆ ಇದರ ಅರ್ಧ ಭಾಗ ಚೆನ್ನಾಗಿ ಗೊತ್ತು. ಲೋವರ್ ಟ್ಯಾಂಕ್‌ಬಂಡಿನ ಡಿ.ಬಿ.ಆರ್. ಮಿಲ್ಲು ಬಾಗಿಲು ಹಾಕಿ ದಶಕಗಳಾದವು. ಆದರೆ ಮಿಲ್ಲಿನ ಗೇಟಿನೊಳಗೆ ಬೆರಳು ಹೋದರೆ 1923ರ ಕಾಯಿದೆಯಂತೆ ಪರಿಹಾರ ಕೇಳಬಹುದೆಂಬುದನ್ನು ಅಂದಿನ ಕೆಲಸಗಾರರು ಸಂಘದಲ್ಲಿ ಕಲಿತಿದ್ದರು. ಗೇಟಿನ ಹೊರಗೆ, ರಸ್ತೆಯಲ್ಲಿ ಕಾಲು ಹೋದರೆ? ಬಹಳ ಕಾಲ ಅದಕ್ಕೆ ಸಿವಿಲ್ ಕೋರ್ಟೇ ಗತಿಯಾಗಿತ್ತು. ಬಡವನ ಮಟ್ಟಿಗೆ ಹಕ್ಕು ಇದ್ದೂ ಇಲ್ಲದಂತೆ. 1939ರಲ್ಲಿ ಮೋಟಾರು ವಾಹನಗಳ ಕಾಯಿದೆ ಬಂತು. ಗಾಡಿಯವನು ಮೂರನೆಯವರ ಪ್ರಾಣಕ್ಕೆ ವಿಮೆ ಮಾಡಿಸಲೇಬೇಕೆಂಬ ಭಾಗ ಜಾರಿಯಾದದ್ದು 1946ರಲ್ಲಿ. 1956ರಲ್ಲಿ, ಬೀದರ, ಗುಲಬರ್ಗಾ, ರಾಯಚೂರುಗಳು ಈ ಹೈದರಾಬಾದಿನಿಂದ ಬೇರೆಯಾಗಿ ಮೈಸೂರು ರಾಜ್ಯಕ್ಕೆ ಸೇರಿದ ವರ್ಷವೇ, ಅಪಘಾತದ ದಾವೆಗಳಿಗೆಂದೇ ಪ್ರತ್ಯೇಕ ನ್ಯಾಯಮಂಡಳಿ ಇರತಕ್ಕದ್ದೆಂದು ತಿದ್ದುಪಡಿಯಾಯಿತು. ಈಗ ನಡೆಯುತ್ತಿರುವುದು 1988ರ ಕಾಯಿದೆ, 2019ರಲ್ಲಿ ತಿದ್ದಿದ್ದು. ಗಾಡಿಗೆ ವಿಮೆ ಕಡ್ಡಾಯವಾಗಿರುವುದು ನಮ್ಮ ಸಲುವಾಗಿಯೇ, ಅಂದರೆ ರಸ್ತೆಯಲ್ಲಿ ನಡೆಯುವವನ ಸಲುವಾಗಿ. ಕಾರಿನವನ ಮನೆ ಮುಳುಗಿಸುತ್ತೇವೆಂಬ ಸಂಕೋಚ ಬೇಡ. ಸಾಮಾನ್ಯವಾಗಿ ಕೊಡುವುದು ವಿಮಾ ಕಂಪನಿ. ಡ್ರೈವರಿಗೆ ಲೈಸೆನ್ಸೇ ಇರಲಿಲ್ಲ ಎಂದು ಕಂಪನಿ ಹೇಳಿದರೂ, ಮೊದಲು ಗಾಯಾಳುವಿಗೆ ಕೊಟ್ಟು ಆಮೇಲೆ ಗಾಡಿಯ ಮಾಲೀಕನಿಂದ ವಸೂಲು ಮಾಡಿಕೋ ಎಂದು ಹೇಳುವ ಅಧಿಕಾರ ನ್ಯಾಯಮಂಡಳಿಗೆ ಇದೆ. ಸರಕಾರಿ ಬಸ್ಸು ಬಡಿದರೆ ಸಾರಿಗೆ ನಿಗಮವೇ ಕೊಡಬೇಕು.

ಇನ್ನು ಲೆಕ್ಕ. ದಯವಿಟ್ಟು ಇದನ್ನು ಗಮನವಿಟ್ಟು ಕೇಳಿ. ಗಲ್ಲಾದ ಲೆಕ್ಕಕ್ಕಿಂತ ಕಷ್ಟವಲ್ಲ.

ಇಪ್ಪತ್ತೆಂಟು ವಯಸ್ಸಿನ ಒಬ್ಬ ಸಪ್ಲೈಯರ್. ತಿಂಗಳಿಗೆ 15,000 ರೂಪಾಯಿ ಸಂಬಳ ಎಂದಿಟ್ಟುಕೊಳ್ಳಿ. ನಲವತ್ತು ವಯಸ್ಸಿನೊಳಗಿನ, ಖಾಯಂ ಅಲ್ಲದ ಸಂಬಳದವನಿಗೆ ಮುಂದೆ ಹೆಚ್ಚಬಹುದಾಗಿದ್ದ ಆದಾಯವೆಂದು ನೂರಕ್ಕೆ 40 ಸೇರಿಸಬೇಕೆಂದು 2017ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಾಧೀಶರ ಪೀಠ ಹೇಳಿತು. ಅದು ಸಾವಿನ ಮೊಕದ್ದಮೆ; ಗಾಯದ ಮೊಕದ್ದಮೆಗೂ ಅದನ್ನು ಸೇರಿಸಬೇಕೆಂದು 2020ರಲ್ಲಿ ಅದೇ ಕೋರ್ಟು ಸ್ಪಷ್ಟಮಾಡಿದೆ. ಆಗ 21,000 ಆಯಿತು. ವರ್ಷಕ್ಕೆ 2,52,000. ಇದನ್ನು ವಯಸ್ಸಿಗೆ ತಕ್ಕ ಒಂದು ಅಂಕಿಯಿಂದ ಗುಣಿಸಬೇಕು. 2009ರ ತೀರ್ಪಿನ ಪಟ್ಟಿಯಂತೆ 25 ವರ್ಷದವರೆಗೆ 18, 26ರಿಂದ 30ಕ್ಕೆ 17, 31ರಿಂದ 35ಕ್ಕೆ 16, ಹೀಗೆ ಇಳಿಯುತ್ತ ಹೋಗಿ 61ರಿಂದ 65ಕ್ಕೆ 7. ನಮ್ಮ ಹುಡುಗನಿಗೆ 17. ಗುಣಿಸಿದರೆ 42,84,000. ಅಪಘಾತದಿಂದ ಅವನ ದುಡಿಯುವ ಶಕ್ತಿ ನೂರಕ್ಕೆ 30ರಷ್ಟು ಹೋಯಿತೆಂದು ನ್ಯಾಯಮಂಡಳಿ ಒಪ್ಪಿದರೆ, ಅದರ 30 ಭಾಗ, ಎಂದರೆ 12,85,200 ರೂಪಾಯಿ. ಇದು ದುಡಿಮೆಯ ನಷ್ಟ ಮಾತ್ರ. ಆಸ್ಪತ್ರೆಯ ಖರ್ಚು, ನೋವಿಗೆ, ಹಾಸಿಗೆ ಹಿಡಿದ ತಿಂಗಳುಗಳ ಸಂಬಳಕ್ಕೆ, ನೋಡಿಕೊಂಡವನ ಖರ್ಚಿಗೆ, ಮುಂದಿನ ಆಪರೇಷನ್ನಿಗೆ ಬೇರೆ. ಮೇಲೆ ಬಡ್ಡಿ. ಈಗ ಹೇಳಿ, ಇಪ್ಪತ್ತು ಸಾವಿರಕ್ಕೆ ಸಹಿ ಹಾಕುವುದೇ?

ಆದರೆ ಇದೇ ಲೆಕ್ಕದಲ್ಲಿ ಒಂದು ತೂತು ಇದೆ. 15,000 ಸಂಬಳ ಎಂಬುದನ್ನು ತೋರಿಸುವುದು ಹೇಗೆ? ಚೀಟಿ ಇಲ್ಲ, ಹಾಜರಿ ಪುಸ್ತಕದಲ್ಲಿ ಹೆಸರಿಲ್ಲ, ಕೈಗೆ ಕೊಟ್ಟ ದುಡ್ಡಿಗೆ ಸಾಕ್ಷಿಯಿಲ್ಲ. ನ್ಯಾಯಮಂಡಳಿ ತನಗೆ ತೋರಿದ್ದನ್ನು ಹಿಡಿಯುತ್ತದೆ. 9,000 ಎಂದು ಹಿಡಿಯಿತೆನ್ನಿ. ಅದೇ ಹುಡುಗ, ಅದೇ ಕಾಲು, ಅದೇ 17, ಅದೇ 30, ಬರುವುದು 7,71,120. ಐದು ಲಕ್ಷಕ್ಕೂ ಹೆಚ್ಚು ಹಣ ಒಂದು ಸಂಬಳದ ಚೀಟಿ ಇಲ್ಲದ್ದರಿಂದ ಹೋಯಿತು.

ಚೀಟಿ ಇಲ್ಲದವನಿಗೆ ದಾರಿಯೇ ಇಲ್ಲವೆಂದಲ್ಲ. ಕರ್ನಾಟಕದ ಒಬ್ಬ ಕೂಲಿಕಾರ 2004ರಲ್ಲಿ ಅಪಘಾತಕ್ಕೆ ಸಿಕ್ಕಿ, ತನ್ನ ಆದಾಯ ತಿಂಗಳಿಗೆ 4,500 ಎಂದ. ನ್ಯಾಯಮಂಡಳಿ 3,000 ಎಂದು ಇಳಿಸಿತು. 2011ರಲ್ಲಿ ಸುಪ್ರೀಂ ಕೋರ್ಟು, ಕೂಲಿಕಾರನ ಬಳಿ ಕಾಗದ ಇರುವುದಿಲ್ಲ, ಅವನು ಹೇಳಿದ ಮೊತ್ತ ಅಂದಿನ ಕೂಲಿಗೆ ಸಮಂಜಸವಾಗಿದೆ ಎಂದು 4,500ನ್ನೇ ಒಪ್ಪಿತು. 2014ರಲ್ಲಿ ಕರ್ನಾಟಕದವನೇ ಆದ ಒಬ್ಬ ತರಕಾರಿ ವ್ಯಾಪಾರಿ, ಕಾಲು ಕಳೆದುಕೊಂಡವನು, ಅವನ ಮೊಕದ್ದಮೆಯಲ್ಲಿಯೂ ಅದೇ ಮಾತು: ಇಂಥವನಿಂದ ಆದಾಯದ ದಾಖಲೆ ಕೇಳುವುದು ಸರಿಯಲ್ಲ. ಅವನಿಗೆ ತಿಂಗಳಿಗೆ 6,500 ಹಿಡಿದರು, ಶೇಕಡಾ 85ರಷ್ಟು ನಷ್ಟವನ್ನು ಒಪ್ಪಿದರು. ಆದರೆ ಗಮನಿಸಿ, ಇಬ್ಬರೂ ಆ ಮಾತು ಕೇಳಲು ದೆಹಲಿಯ ತನಕ ಹೋಗಬೇಕಾಯಿತು. ನಾವು ಎಲ್ಲರೂ ಅಲ್ಲಿಗೆ ಹೋಗಲಾರೆವು. ಆದುದರಿಂದ ಕೈಯಲ್ಲಿರುವ ಸಾಕ್ಷ್ಯವನ್ನು ಕಳೆದುಕೊಳ್ಳಬೇಡಿ. ತಿಂಗಳು ತಿಂಗಳು ಊರಿಗೆ ತಾಯಿಯ ಖಾತೆಗೆ ಫೋನಿನಿಂದ ಕಳಿಸುತ್ತೀರಲ್ಲ, ಆ ಬ್ಯಾಂಕಿನ ಪಟ್ಟಿಯೇ ಒಂದು ಸಾಕ್ಷಿ. ತಿಂಗಳಿಗೆ ಹತ್ತು ಸಾವಿರ ಊರಿಗೆ ಕಳಿಸುತ್ತಿದ್ದವನಿಗೆ ಒಂಬತ್ತು ಸಾವಿರ ಸಂಬಳವೆಂದು ಯಾವ ವಕೀಲರೂ ವಾದಿಸಲಾರರು. ಜೊತೆಯಲ್ಲಿ ದುಡಿಯುವ ಇಬ್ಬರು ಬಂದು ಹೇಳಿದರೆ ಅದೂ ಸಾಕ್ಷಿಯೇ. ಯಜಮಾನರು ಬಂದು ಹೇಳಿದರೆ ಇನ್ನೂ ಒಳ್ಳೆಯದು. ಕೆಲವರು ಬರುತ್ತಾರೆ, ಅವರನ್ನು ನೆನೆಯಬೇಕು. ಹಲವರು, ಸಂಬಳ ಹೇಳಿದರೆ ಇ.ಎಸ್.ಐ. ಕಟ್ಟಬೇಕಾದೀತೆಂದು ಆ ದಿನ ಊರಿನಲ್ಲಿರುವುದಿಲ್ಲ.

ಶೇಕಡಾ 30 ಎಂದೆವಲ್ಲ, ಅದರ ಬಗ್ಗೆಯೂ ಒಂದು ವಿಚಾರವಿದೆ. ದೋಸೆ ಹಾಕುವ ನಮ್ಮ ಒಬ್ಬ ಮಿತ್ರರ ಬಲಗೈ ಮಣಿಕಟ್ಟು ಮುರಿದು ಕೂಡಿತು. ಕೂಡಿತು, ಆದರೆ ತಿರುಗುವುದಿಲ್ಲ. ಡಾಕ್ಟರು ಇಡೀ ದೇಹದ ಲೆಕ್ಕದಲ್ಲಿ ಶೇಕಡಾ 12 ಅಂಗವೈಕಲ್ಯ ಎಂದು ಬರೆದುಕೊಟ್ಟರು. ಡಾಕ್ಟರ ಲೆಕ್ಕ ತಪ್ಪಲ್ಲ. ಆದರೆ ಹಿಟ್ಟು ಹುಯ್ದು ಸೌಟನ್ನು ಕಲ್ಲಿನ ಮೇಲೆ ಸುತ್ತಿಸುವ ಮಣಿಕಟ್ಟು ತಿರುಗದಿದ್ದರೆ ದೋಸೆಯವನ ಕೆಲಸದಲ್ಲಿ ಉಳಿದದ್ದೇನು? 2010ರ ಕೊನೆಯಲ್ಲಿ ಬಂದ ಒಂದು ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಇದನ್ನೇ ಬಿಡಿಸಿ ಹೇಳಿದೆ: ದೇಹದ ಊನ ಬೇರೆ, ದುಡಿಮೆಯ ಊನ ಬೇರೆ, ಎಡಗೈ ಹೋದ ಗುಮಾಸ್ತ ಬರೆಯುವ ಕೆಲಸವನ್ನು ಮುಂದುವರಿಸಬಹುದು, ಡ್ರೈವರನಿಗೂ ಬಡಗಿಗೂ ಅದೇ ಎಡಗೈ ಹೋದರೆ ಕಸುಬೇ ಹೋಯಿತು. ಆದುದರಿಂದ ನಮ್ಮ ವಕೀಲರಿಗೆ ನಾವೇ ಕೂತು ಹೇಳಬೇಕು. ಸಪ್ಲೈಯರ್ ಎಂದರೆ ದಿನಕ್ಕೆ ಹನ್ನೆರಡು ಗಂಟೆ ನಿಲ್ಲುವವನು, ಒಂದು ಕೈಯಲ್ಲಿ ನಾಲ್ಕು ಪ್ಲೇಟು ಹಿಡಿಯುವವನು. ರುಬ್ಬುವವನು ಎಂದರೆ ಇಷ್ಟು ಕಿಲೋ ಎತ್ತುವವನು. ಭಟ್ಟರೆಂದರೆ ಒಲೆಯ ಮುಂದೆ ಬಗ್ಗಿ ಏಳುವವರು. ವಕೀಲರು ಹೋಟೆಲಿನಲ್ಲಿ ತಿಂದಿದ್ದಾರೆಯೇ ಹೊರತು ಒಳಗೆ ಬಂದು ನೋಡಿದವರಲ್ಲ.

ಹೆಂಗಸರು ಇಲ್ಲಿ ಬಂದಿದ್ದಾರೆ. ಮನೆಯಲ್ಲಿರುವ ಹೆಂಗಸಿಗೆ ಪೆಟ್ಟಾದರೆ, ದುಡಿಮೆಯೇ ಇಲ್ಲವಲ್ಲ, ಏನು ಪರಿಹಾರ ಎಂಬ ಮಾತು ನಮ್ಮವರ ಬಾಯಲ್ಲೇ ಬರುತ್ತದೆ. ಮನೆಗೆಲಸಕ್ಕೂ ಹಣದ ಬೆಲೆ ಕಟ್ಟಲೇಬೇಕೆಂದು 2021ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಹೇಳಿದೆ.

ದಾವೆಯನ್ನು ಎಲ್ಲಿ ಹಾಕಬೇಕು? ನಮ್ಮಂತೆ ಊರು ಬಿಟ್ಟು ಬಂದವರಿಗೆ ಇದು ದೊಡ್ಡ ಪ್ರಶ್ನೆ. ಅಪಘಾತ ನಾಂಪಲ್ಲಿಯಲ್ಲಿ ಆಯಿತು, ಹೆಂಡತಿ ಬೈಂದೂರಿನಲ್ಲಿದ್ದಾಳೆ, ತಾಯಿ ಬೀದರಿನ ಒಂದು ಹಳ್ಳಿಯಲ್ಲಿದ್ದಾಳೆ. ಅವರು ಹೈದರಾಬಾದಿಗೆ ಅಲೆಯಬೇಕಾಗಿಲ್ಲ. ಅಪಘಾತ ನಡೆದ ಜಾಗದಲ್ಲಿ, ಅಥವಾ ದಾವೆ ಹಾಕುವವರು ವಾಸವಾಗಿರುವ ಜಾಗದಲ್ಲಿ, ಅಥವಾ ಎದುರಾಳಿ ಇರುವ ಜಾಗದಲ್ಲಿ, ಮೂರರಲ್ಲಿ ಯಾವುದಾದರೂ ಒಂದು ನ್ಯಾಯಮಂಡಳಿಯಲ್ಲಿ ಹಾಕಬಹುದೆಂದು ಕಾಯಿದೆಯ 166ನೆಯ ಕಲಮಿನಲ್ಲಿದೆ. ನಮ್ಮ ಅನುಭವದ ಸಲಹೆ ಹೀಗೆ: ಸಾವಾದರೆ ಊರಿನಲ್ಲೇ ಹಾಕುವುದು ಮೇಲು, ಹೆಂಡತಿ ತನ್ನ ಮಾತಿನಲ್ಲಿ ತನ್ನ ಸಾಕ್ಷ್ಯ ಹೇಳಬಹುದು, ಮನೆಯವರು ಜೊತೆಗಿರುತ್ತಾರೆ. ಗಾಯವಾದರೆ, ಚಿಕಿತ್ಸೆ ಮಾಡಿದ ಡಾಕ್ಟರು ಇಲ್ಲಿರುವುದರಿಂದ, ಗಾಯಾಳು ಇಲ್ಲೇ ಉಳಿಯುವುದಾದರೆ, ಇಲ್ಲಿ ಹಾಕುವುದು ಅನುಕೂಲ. ಒಂದೇ ಅಪಘಾತಕ್ಕೆ ಅಣ್ಣ ಇಲ್ಲೊಂದು, ತಮ್ಮ ಅಲ್ಲೊಂದು ಹಾಕಿ ಗೊಂದಲ ಮಾಡಬಾರದು.

ಎಲ್ಲಿ ಹಾಕಿದರೂ ಎಫ್.ಐ.ಆರ್. ಪ್ರತಿ ಬೇಕು. ಅದನ್ನು ದೂರು ಕೊಟ್ಟವನಿಗೆ ಪುಕ್ಕಟೆಯಾಗಿ ಕೊಡಬೇಕು. ಅದು ತೆಲುಗಿನಲ್ಲಿರುತ್ತದೆ, ಸಹಿ ಹಾಕುವ ಮುಂಚೆ ಓದಬಲ್ಲವರಿಂದ ಓದಿಸಿ ಅರ್ಥ ಕೇಳಿಕೊಳ್ಳಿ, ಅದರಲ್ಲಿ ನಾಚಿಕೆಯಿಲ್ಲ. ಪೋಲೀಸರಿಗೂ ಕರ್ತವ್ಯಗಳಿವೆ. 2022ರಲ್ಲಿ ಜಾರಿಗೆ ಬಂದ ನಿಯಮಗಳಂತೆ, ಅಪಘಾತದ ಮೊದಲ ವರದಿ 48 ಗಂಟೆಗಳಲ್ಲಿ, ಮಧ್ಯದ ವರದಿ 50 ದಿನಗಳಲ್ಲಿ, ವಿವರವಾದ ವರದಿ 90 ದಿನಗಳಲ್ಲಿ ನ್ಯಾಯಮಂಡಳಿಗೆ ಹೋಗಬೇಕು. ಗಾಯಾಳುವಿನ ಹಕ್ಕುಗಳೇನೆಂಬ ಒಂದು ನಮೂನೆಯನ್ನು ಹತ್ತು ದಿನಗಳಲ್ಲಿ ಅವನ ಕೈಗೇ ಕೊಡಬೇಕು. ಆ ವರ್ಷದ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ಇದನ್ನು ದೇಶದ ಎಲ್ಲ ಕಡೆ ನಡೆಸಬೇಕೆಂದು ಆಜ್ಞೆಮಾಡಿದೆ. ಆ ನಮೂನೆ ನಿಮ್ಮಲ್ಲಿ ಯಾರ ಕೈಗಾದರೂ ಬಂದಿದ್ದರೆ ಕೈ ಎತ್ತಿ. ಯಾರೂ ಎತ್ತಲಿಲ್ಲ. ಇನ್ನು ಮೇಲೆ ಕೇಳಿ ತೆಗೆದುಕೊಳ್ಳೋಣ.

ಕಾಲದ ಮಿತಿಯ ಮಾತು ಅತಿ ಮುಖ್ಯ. 1994ರ ತಿದ್ದುಪಡಿಯಾದ ಮೇಲೆ ಬಹಳ ವರ್ಷ ದಾವೆಗೆ ಕಾಲದ ಮಿತಿಯೇ ಇರಲಿಲ್ಲ. ಹಳಬರು ಯಾವಾಗ ಬೇಕಾದರೂ ಹಾಕಬಹುದು ಎನ್ನುವುದು ಆ ನೆನಪಿನಿಂದ. 2022ರ ಏಪ್ರಿಲ್ 1ರಿಂದ ಆರು ತಿಂಗಳ ಮಿತಿ ಮತ್ತೆ ಬಂದಿದೆ. ಇದನ್ನು ಪ್ರಶ್ನಿಸಿ ಹಾಕಿದ ಅರ್ಜಿಗಳಲ್ಲಿ, ತಡವಾಯಿತೆಂಬ ಕಾರಣಕ್ಕೆ ದಾವೆಗಳನ್ನು ವಜಾ ಮಾಡಬಾರದೆಂದು 2025ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟು ಮಧ್ಯಂತರ ಆಜ್ಞೆ ಕೊಟ್ಟಿತು. ಆರು ತಿಂಗಳು ದಾಟಿದವರು ಆಸೆ ಬಿಡಬೇಡಿ. ದಾಟದವರು ಆ ಆಜ್ಞೆಯನ್ನು ನಂಬಿ ಮಲಗಬೇಡಿ. ಕಾಲು ಮುರಿದವನು ನಡೆಯುವುದಕ್ಕೇ ನಾಲ್ಕು ತಿಂಗಳು ಬೇಕು, ಆರು ತಿಂಗಳು ಎಷ್ಟರ ಹೊತ್ತು! ಈ ಮಿತಿಯನ್ನು ಬರೆದವರು ಎಂದೂ ಹಾಸಿಗೆಯಲ್ಲಿ ಮಲಗಿ ಕಾಗದ ಕೂಡಿಸಿದವರಲ್ಲವೆಂದು ನಮಗೆ ತೋರುತ್ತದೆ.

ತಪ್ಪು ಯಾರದೆಂದು ತೋರಿಸಲಾಗದಿದ್ದರೂ ಸಾವಿಗೆ 5 ಲಕ್ಷ, ಬಲವಾದ ಗಾಯಕ್ಕೆ ಎರಡೂವರೆ ಲಕ್ಷ ಕೊಡಬೇಕೆಂದು 164ನೆಯ ಕಲಮಿದೆ. ಇದರಲ್ಲಿ ಒಂದು ಗಂಟಿದೆ: ಇದನ್ನು ಒಪ್ಪಿ ಪಡೆದುಕೊಂಡರೆ ದೊಡ್ಡ ದಾವೆ ಬಿದ್ದುಹೋಗುತ್ತದೆ. ಮೇಲಿನ ಲೆಕ್ಕ ಹಾಕಿ ನೋಡಿದ ಮೇಲೆ ನಿರ್ಧರಿಸಿ.

ಬಡಿದು ನಿಲ್ಲದೆ ಓಡಿದ ಗಾಡಿಗೂ ಪರಿಹಾರ ಉಂಟೆಂಬುದು ನಮ್ಮವರಿಗೆ ಗೊತ್ತೇ ಇಲ್ಲ. ನಂಬರು ಸಿಗದಿದ್ದರೆ ಎಲ್ಲ ಮುಗಿಯಿತೆಂದು ಕೈಚೆಲ್ಲುತ್ತಾರೆ. 2022ರ ಏಪ್ರಿಲಿನಿಂದ ಇಂಥ ಸಾವಿಗೆ 2 ಲಕ್ಷ, ಬಲವಾದ ಗಾಯಕ್ಕೆ 50,000. ಅರ್ಜಿ ಕೊಡಬೇಕಾದದ್ದು ಕೋರ್ಟಿಗಲ್ಲ, ತಾಲೂಕಿನ ಕಂದಾಯ ಅಧಿಕಾರಿಗೆ. ಮೊತ್ತ ಸಣ್ಣದು, ನಿಜ. ಆದರೆ 2022ರಲ್ಲಿ ದೇಶದಲ್ಲಿ ಹೀಗೆ ಬಡಿದು ಓಡಿದ ಪ್ರಕರಣಗಳು 67,387, 2022-23ರಲ್ಲಿ ಬಂದ ಅರ್ಜಿಗಳು 205, ತೀರ್ಮಾನವಾದವು 95. ಈ ಅಂಕಿಗಳನ್ನು 2024ರ ಜನವರಿಯ ತನ್ನ ಆಜ್ಞೆಯಲ್ಲಿ ಸುಪ್ರೀಂ ಕೋರ್ಟೇ ಎತ್ತಿ ಹೇಳಿ, ಪೋಲೀಸರು ಮನೆಯವರಿಗೆ ಈ ಯೋಜನೆಯನ್ನು ತಿಳಿಸಲೇಬೇಕೆಂದಿತು. ಇಟ್ಟ ಹಣ ಇದ್ದ ಹಾಗೇ ಇದೆ, ಕೇಳುವವರಿಲ್ಲ.

ಕೆಲಸಕ್ಕೆ ಹೋಗುವಾಗ ಆದ ಅಪಘಾತ ಇನ್ನೊಂದು ದಾರಿ ತೆರೆಯುತ್ತದೆ. ಮಹಾರಾಷ್ಟ್ರದ ಒಂದು ಸಕ್ಕರೆ ಕಾರ್ಖಾನೆಯ ಕಾವಲುಗಾರನಿಗೆ ಬೆಳಗಿನ ಜಾವ ಮೂರು ಗಂಟೆಯ ಪಾಳಿ. 2003ರಲ್ಲಿ ಕಾರ್ಖಾನೆ ಇನ್ನು ಐದು ಕಿಲೋಮೀಟರು ಇದೆ ಎನ್ನುವಾಗ ಮೋಟಾರ್ ಸೈಕಲಿನಲ್ಲಿ ಅಪಘಾತವಾಗಿ ಸತ್ತ. ಕೆಲಸದ ಜಾಗಕ್ಕೆ ಮುಟ್ಟುವ ಮುಂಚೆ ಆದದ್ದು ಕೆಲಸದ ಅಪಘಾತವಲ್ಲ ಎಂದು ಹೈಕೋರ್ಟು ಹೇಳಿತು. 2025ರ ಜುಲೈಯಲ್ಲಿ ಸುಪ್ರೀಂ ಕೋರ್ಟು ಅದನ್ನು ತಿರುಗಿಸಿತು. ಪಾಳಿಗೆ ಹೋಗುವುದಕ್ಕೂ ಅಪಘಾತಕ್ಕೂ ಹೊತ್ತು, ಜಾಗ, ಸಂದರ್ಭ ಹೊಂದಿಕೆಯಾದರೆ ಅದು ಕೆಲಸದಿಂದ ಬಂದ ಅಪಘಾತವೇ. ಇಪ್ಪತ್ತೆರಡು ವರ್ಷ ಆ ಹೆಂಡತಿ, ಮಕ್ಕಳು, ತಾಯಿ ಕಾದರು. 2025ರ ನವೆಂಬರ್ 21ರಂದು ಜಾರಿಯಾದ ಸಾಮಾಜಿಕ ಭದ್ರತೆಯ ಸಂಹಿತೆಯಲ್ಲಿಯೂ ಮನೆಗೂ ಕೆಲಸಕ್ಕೂ ನಡುವಿನ ದಾರಿಯನ್ನು ಸೇರಿಸಿದ್ದಾರೆ. ನಾಲ್ಕು ಗಂಟೆಗೆ ಇಡ್ಲಿ ಒಲೆ ಹಚ್ಚಲು ಓಡುವವನಿಗೆ ಇದು ಸಣ್ಣ ಮಾತಲ್ಲ. ಆದರೆ ಯಜಮಾನನಿಂದ ಈ ಪರಿಹಾರವೋ, ಮೋಟಾರು ಕಾಯಿದೆಯ ದಾವೆಯೋ, ಎರಡರಲ್ಲಿ ಒಂದನ್ನೇ ಆರಿಸಬೇಕು. ಹತ್ತು ಮಂದಿ ದುಡಿಯುವ ಹೋಟೆಲಿಗೆ, 21,000 ಒಳಗಿನ ಸಂಬಳದವನಿಗೆ ಇ.ಎಸ್.ಐ. ಇರಬೇಕು; ಇದ್ದರೆ ಹಾಸಿಗೆ ಹಿಡಿದ ದಿನಗಳಿಗೆ ಸಂಬಳದ ಶೇಕಡಾ 90 ಬರುತ್ತದೆ.

ಎರಡು ಎಚ್ಚರಿಕೆ. ಮದುವೆಮನೆಯ ಅಡಿಗೆಗೆ ಹೋಗುವಾಗ ಸಾಮಾನಿನ ಟ್ರಾಲಿ ಆಟೋದಲ್ಲಿ ಕಡಾಯಿ, ಪಾತ್ರೆಗಳ ಮೇಲೆ ಆರೇಳು ಮಂದಿ ಕೂತು ಹೋಗುತ್ತೀರಿ. ಸಾಮಾನಿನ ಗಾಡಿಯಲ್ಲಿ ಸುಮ್ಮನೆ ಹತ್ತಿದವನಿಗೆ ವಿಮಾ ಕಂಪನಿ ಜವಾಬ್ದಾರಿಯಲ್ಲವೆಂದು ಸುಪ್ರೀಂ ಕೋರ್ಟು ಹೇಳಿಬಿಟ್ಟಿದೆ. ಸಾಮಾನಿನ ಒಡೆಯನಿಗೆ ಅಥವಾ ಅವನ ಪ್ರತಿನಿಧಿಗೆ ಮಾತ್ರ ರಕ್ಷೆ. ಹಾಗೆಯೇ ಗೆಳೆಯನ ಬೈಕಿನ ಹಿಂದೆ ಕೂರುವವನಿಗೆ, ಬೈಕಿಗೆ ಬರಿಯ ಕಡ್ಡಾಯದ ವಿಮೆ ಮಾತ್ರ ಇದ್ದು ತಪ್ಪು ಗೆಳೆಯನದೇ ಆದರೆ, ಕಂಪನಿ ಕೊಡಬೇಕಾಗಿಲ್ಲ. ಕಂಟ್ರಾಕ್ಟು ಹಿಡಿಯುವ ಭಟ್ಟರಲ್ಲಿ ನಮ್ಮ ಬೇಡಿಕೆ ಇಷ್ಟೇ: ಪಾತ್ರೆಗೆ ಒಂದು ಗಾಡಿ, ಮನುಷ್ಯರಿಗೆ ಒಂದು ಗಾಡಿ.

ವಕೀಲರ ವಿಷಯ. ಒಳ್ಳೆಯವರು ಬಹಳ ಮಂದಿ ಇದ್ದಾರೆ. ಆದರೆ ಬಂದದ್ದರಲ್ಲಿ ಕಾಲು ಭಾಗ, ಮೂರನೆಯ ಒಂದು ಭಾಗ ನನಗೆ ಎಂದು ಮೊದಲೇ ಕರಾರು ಮಾಡಿಕೊಳ್ಳುವುದು ವಕೀಲರ ಪರಿಷತ್ತಿನ ನಿಯಮಕ್ಕೇ ವಿರುದ್ಧ. ಹೆಂಗಸರಿಗೆ, ಪರಿಶಿಷ್ಟರಿಗೆ, ಕೈಗಾರಿಕೆಯ ಕಾರ್ಮಿಕರಿಗೆ, ಅಂಗವಿಕಲರಿಗೆ, ಕಡಿಮೆ ಆದಾಯದವರಿಗೆ 1987ರ ಕಾಯಿದೆಯಂತೆ ಕಾನೂನು ನೆರವು ಪುಕ್ಕಟೆ. 15100 ಎಂಬ ನಂಬರಿಗೆ ಫೋನು ಮಾಡಿ. ಹಣ ಬಂದಾಗ ನೇರ ಬ್ಯಾಂಕು ಖಾತೆಗೆ ಬರಲಿ, ಮಧ್ಯದಲ್ಲಿ ಯಾರ ಕೈಯೂ ಬೇಡ.

ಕೊನೆಯದಾಗಿ ಒಬ್ಬ ತಾಯಿಯ ಮಾತು. ಯಾದಗಿರಿಯ ಕಡೆಯವರು. ಮಗ ಇಲ್ಲಿ ಕ್ಲೀನರಾಗಿದ್ದ, ಲಾರಿಗೆ ಸಿಕ್ಕಿ ಹೋದ. ನಾವು ಕಾಗದಕ್ಕೆಂದು ಹೋದಾಗ ಆಕೆ, "ನನ್ನ ಮಗನ ಮ್ಯಾಲಿನ ರೊಕ್ಕ ನಾ ಹ್ಯಾಂಗ ಉಣ್ಣಲಿ? ಅದು ನನಗ ಬ್ಯಾಡ" ಎಂದರು. ಜೊತೆಯಲ್ಲಿದ್ದ ವಕೀಲರು ಬುದ್ಧಿ ಹೇಳಹೊರಟರು. ನಾವು ಬೇಡವೆಂದು ಸನ್ನೆಮಾಡಿದೆವು. ಆ ಮಾತಿಗೆ ಥಟ್ಟನೆ ಉತ್ತರವಿಲ್ಲ. ಎರಡನೆಯ ಸಲ ಹೋದಾಗ, "ಅವ್ವಾ, ನಿಮ್ಮ ಮಗ ತಿಂಗಳಿಗೆ ಎಷ್ಟು ಕಳಿಸುತ್ತಿದ್ದ?" ಎಂದು ಕೇಳಿದೆವು. ಆರು ಸಾವಿರ ಎಂದರು. ಅದರಲ್ಲಿ ತಂಗಿಯ ಶಾಲೆ, ಔಷಧ, ಸಾಲದ ಬಡ್ಡಿ ಎಲ್ಲ ನಡೆಯುತ್ತಿತ್ತು. ಕೋರ್ಟು ನಿಮ್ಮ ಮಗನಿಗೆ ಬೆಲೆ ಕಟ್ಟುವುದಿಲ್ಲ, ಅದು ಯಾರಿಂದಲೂ ಆಗದು; ಬರುತ್ತಿದ್ದ ಆ ಆರು ಸಾವಿರ ನಿಂತುಹೋಯಿತಲ್ಲ, ಅದನ್ನು ಲಾರಿಯವನು ಕಳಿಸಬೇಕೆಂದು ಕೇಳುವುದಷ್ಟೇ ಎಂದೆವು. ಆಕೆ ಬಹಳ ಹೊತ್ತು ಸುಮ್ಮನಿದ್ದು, "ಅವನ ತಂಗಿ ಹೆಸರಿಗೆ ಬರೀರಿ" ಎಂದರು. ಮಗುವಿನ ಪಾಲನ್ನು ಬ್ಯಾಂಕಿನಲ್ಲಿ ಠೇವಣಿ ಇಡಿಸುವ ಪದ್ಧತಿ ನ್ಯಾಯಮಂಡಳಿಗಳಲ್ಲಿ ಇದೆ. ಮೊಕದ್ದಮೆ ಈಗ ನಡೆಯುತ್ತಿದೆ.

ಯಜಮಾನರ ಸಂಘದ ಮುಂದೆ ನಾವು ಇಡಬೇಕಾದ ಬೇಡಿಕೆ ಇದರಿಂದಲೇ ಹುಟ್ಟುತ್ತದೆ. ನೇಮಕದ ಪತ್ರ, ತಿಂಗಳ ಸಂಬಳದ ಚೀಟಿ, ಇವೆರಡನ್ನೂ ಕೊಡಲೇಬೇಕೆಂದು 2025ರ ನವೆಂಬರಿನಲ್ಲಿ ಜಾರಿಯಾದ ಕಾರ್ಮಿಕ ಸಂಹಿತೆಗಳು ಹೇಳುತ್ತವೆ. ಆ ಸಂಹಿತೆಗಳಲ್ಲಿ ನಾವು ಜಗಳವಾಡಬೇಕಾದ ಕಲಮುಗಳು ಬೇರೆ ಇವೆ, ಅದು ಇನ್ನೊಂದು ಸಭೆಯ ಮಾತು. ಈ ಎರಡು ಕಾಗದವನ್ನಂತೂ ಕೇಳಿ ಪಡೆಯೋಣ. ಒಬ್ಬನೇ ಕೇಳಿದರೆ "ನಾಳೆಯಿಂದ ಬರಬೇಡ" ಎಂದಾರು. ಆದುದರಿಂದ ಒಂದು ಹೋಟೆಲಿನಿಂದ ಎಲ್ಲರೂ ಸಹಿ ಮಾಡಿದ ಒಂದೇ ಅರ್ಜಿ ಹೋಗಲಿ. ಅರ್ಜಿಯ ನಮೂನೆಯನ್ನು ಬರೆದಿಟ್ಟಿದ್ದೇವೆ.

ಪ್ರತಿ ಬುಧವಾರ ಮಧ್ಯಾಹ್ನ ಮೂರರಿಂದ ಐದರವರೆಗೆ ಸಂಘದ ಕೋಣೆಯಲ್ಲಿ ಅಪಘಾತದ ಕಾಗದಗಳನ್ನು ನೋಡುತ್ತೇವೆ. ಆಸ್ಪತ್ರೆಯ ಚೀಟಿ, ಔಷಧದ ಬಿಲ್ಲು, ಎಕ್ಸರೇ, ಎಫ್.ಐ.ಆರ್., ಬ್ಯಾಂಕಿನ ಪಟ್ಟಿ, ಏನಿದ್ದರೂ ತನ್ನಿ. ಹರಿದಿದ್ದರೂ ಎಣ್ಣೆ ಹತ್ತಿದ್ದರೂ ಎಸೆಯಬೇಡಿ. ತೆಲುಗು ಓದಬಲ್ಲ ಇಬ್ಬರು ಸಂಗಾತಿಗಳು ಅಲ್ಲಿರುತ್ತಾರೆ. ಈಗ ನಾಲ್ಕೂಕಾಲು, ಐದಕ್ಕೆ ಒಲೆ ಹಚ್ಚಬೇಕಾದವರು ಮೊದಲು ಪ್ರಶ್ನೆ ಕೇಳಲಿ.